ಗೈಡ್ ದನಿ

ಮಾರ್ಚ್ ೧೧, ಬುಧವಾರ

ಪ್ರೀತಿಯ ಪುಟ್ಟಿ,

ಹೇಗಿದ್ದೀಯಾ? ನಿನ್ನ ಎರಡೂ ಪತ್ರ ಬಂದಿವೆ. ಉತ್ತರ ತಡವಾಯಿತು, ಬಯ್ಯಬೇಡ. ಬರೆಯಲು ಕೂತಾಗಲೆಲ್ಲ, ಹಾಡು ಮುಗಿಯಲಿ, ಒಳ್ಳೆಯ ಸುದ್ದಿಯನ್ನೇ ಬರೆಯೋಣ ಎಂದುಕೊಂಡು ಪೆನ್ನಿನ ಮುಚ್ಚಳ ಹಾಕಿಟ್ಟೆ. ಹಾಡು ಮುಗಿದಿಲ್ಲ. ಇನ್ನೂ ಕಾದರೆ ನೀನೇ ಗಾಬರಿಯಾಗಿ ರಜೆ ಹಾಕಿ ಓಡಿ ಬರುತ್ತೀಯ ಎಂದು ಇವತ್ತು ಬರೆಯುತ್ತಿದ್ದೇನೆ.

ನಾನು ಫೋನಿನಲ್ಲಿ ಮಾತನಾಡುವಂತಿಲ್ಲ, ಗೊತ್ತಲ್ಲ. ಆಪರೇಷನ್ ಆದ ಮೇಲೆ ಗಂಟಲಿನ ಡಾಕ್ಟರ್ ಹಾಕಿದ ಕಟ್ಟುಪಾಡು ಇನ್ನೂ ಸಡಿಲವಾಗಿಲ್ಲ. ಸ್ಟುಡಿಯೋದಲ್ಲಿ ಹಾಡುವುದಷ್ಟೇ, ಉಳಿದಂತೆ ಒಂದು ಮಾತೂ ಕೂಡದು. ಕೈಯಲ್ಲಿ ಸ್ಲೇಟು ಹಿಡಿದು ಓಡಾಡುತ್ತೇನೆ. ಮಾತು ಬೆಳ್ಳಿ, ಮೌನ ಬಂಗಾರ ಎನ್ನುತ್ತಾರಲ್ಲ, ಆ ಲೆಕ್ಕದಲ್ಲಿ ನಾನೀಗ ಒಡವೆ ಅಂಗಡಿಯನ್ನೇ ತೆರೆಯಬಹುದು. ನಿಮ್ಮಪ್ಪನಿಗೆ ಇದಕ್ಕಿಂತ ಸುಖ ಬೇಕೆ? ಕಿಟಕಿ ಮುಚ್ಚಿ ಎಂದು ಸನ್ನೆ ಮಾಡಿದರೆ, "ಟೀ ತಾನೇ? ತಂದೆ ಇರು" ಎಂದು ಒಳಗೆ ಹೋಗುತ್ತಾರೆ. ಜಗಳವಾಡಲೂ ದನಿ ಬೇಕು ನೋಡು.

ಸ್ಟುಡಿಯೋ ನೀನು ನೋಡಿದ್ದಂತೆಯೇ ಇದೆ. ಗೋಡೆಗೆಲ್ಲ ಹಳೆಯ ಹಾಸಿಗೆ ಬಡಿದಿದ್ದರೂ, ಕೆಳಗಿನ ಟೈರ್ ಅಂಗಡಿಯಲ್ಲಿ ಗಾಳಿ ತುಂಬುವ ಯಂತ್ರ ಶುರುವಾದರೆ ನಾವೆಲ್ಲ ಕೈಕಟ್ಟಿ ಕೂರಬೇಕು. ರೆಕಾರ್ಡಿಂಗ್ ಮಾಡುವ ಹುಡುಗ, ನಾವೆಲ್ಲ 'ಕಿವಿ' ಎಂದೇ ಕರೆಯುವವನು, ಆಗ ಮೆಟ್ಟಿಲ ತುದಿಯಿಂದ ಬಗ್ಗಿ, "ಸ್ವಾಮೀ, ಒಂದು ಹಾಡಿನಷ್ಟು ಹೊತ್ತು ತಡೀರಿ!" ಎಂದು ಬೇಡಿಕೊಳ್ಳುತ್ತಾನೆ. ನಿನ್ನ ಡ್ರಮ್ ಮಾವನ ಮಂಡಿ ಹಟ ಹಿಡಿದಿದೆ. ನನ್ನ ಜೊತೆ ಸ್ಟೇಜಿನಲ್ಲಿ ಮೈಮೇಲೆ ಬಂದವನಂತೆ ಬಾರಿಸುತ್ತಿದ್ದವನು ಈಗ ದಿಂಬು ಹಾಕಿಕೊಂಡು ಕೂರುತ್ತಾನೆ. "ನಿನ್ನ ಗಂಟಲು, ನನ್ನ ಮಂಡಿ. ಆಲ್ಬಮ್‌ಗೆ 'ಆಸ್ಪತ್ರೆ' ಅಂತಲೇ ಹೆಸರಿಡೋಣ" ಎನ್ನುತ್ತಾನೆ. ನಗು ಬರುತ್ತದೆ, ದನಿ ಹೊರಡದಂತೆ ಬಾಯಿಗೆ ಸ್ಲೇಟು ಅಡ್ಡ ಹಿಡಿಯುತ್ತೇನೆ.

ಉಳಿದ ಹಾಡುಗಳೆಲ್ಲ ಹೇಗೋ ದಡ ಸೇರಿದವು. ದನಿ ದಪ್ಪಗಾಗಿದೆ, ಒರಟಾಗಿದೆ. ರಾಕ್‌ಗೆ ಅದೂ ಒಂದು ಸೊಗಸು ಎಂದು ಕಿವಿ ಸಮಾಧಾನ ಹೇಳುತ್ತಾನೆ. ಬಾಕಿ ಇರುವುದು 'ಉಪ್ಪುಗಾಳಿ' ಒಂದೇ. ಹೆತ್ತವರಿಗೆ ಹೆಗ್ಗಣ ಮುದ್ದು ಎಂದು ನೀನು ನಗಬಹುದು, ಆದರೆ ಆಲ್ಬಮ್ ನಿಂತಿರುವುದೇ ಅದರ ಮೇಲೆ. ಆಸ್ಪತ್ರೆಯಲ್ಲಿ ಗಂಟಲಿಗೆ ಹನಿ ನೀರೂ ಇಳಿಯದೆ ಮಲಗಿದ್ದಾಗ, ನನ್ನ ಹಳೆಯ ದನಿಯನ್ನು ನೆನೆನೆನೆದು ಕಟ್ಟಿದ ಹಾಡು ಅದು. ಕೊನೆಯಲ್ಲಿ ಮೇಲೆ ಹೋಗಿ ನಿಲ್ಲುವ ಕೂಗು ಇದೆಯಲ್ಲ, ಅದು ಬರುತ್ತಿಲ್ಲ. ಏರುತ್ತೇನೆ, ಏರುತ್ತೇನೆ, ತುದಿ ಮುಟ್ಟುವಾಗ ಬಟ್ಟೆ ಹರಿದಂತೆ ಸೀಳಿಹೋಗುತ್ತದೆ. ಮೊದಲು, ಮೈಕು ಸರಿಯಿಲ್ಲ ಎಂದು ಸ್ಲೇಟಿನಲ್ಲಿ ಬರೆದೆ. ಕಿವಿ ಮೈಕು ಬದಲಿಸಿದ. ಆಮೇಲೆ ಹೆಡ್‌ಫೋನಿನ ಮೇಲೆ ಹಾಕಿದೆ. ಅದನ್ನೂ ಬದಲಿಸಿದ. ಕುಣಿಯಲಾರದವಳಿಗೆ ನೆಲ ಡೊಂಕು ಎಂದು ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಅದು ಅವರ ದೊಡ್ಡತನ.

"ಒಂದು ಸ್ವರ ಇಳಿಸಿ ಹಾಡೋಣ ಕಣೇ, ಪ್ರಪಂಚ ಏನೂ ಮುಳುಗಲ್ಲ" ಎಂದ ಡ್ರಮ್ ಮಾವ. ನಾನು ಒಪ್ಪಲಿಲ್ಲ. ತಿಂಗಳ ಕೊನೆಗೆ ಆಲ್ಬಮ್ ಹೊರತರುವ ಕಂಪನಿಯವರು ಕೇಳಲು ಬರುತ್ತಾರೆ. ಇಷ್ಟು ವರ್ಷ ಸುಮ್ಮನಿದ್ದವಳಲ್ಲಿ ದನಿ ಉಳಿದಿದೆಯೋ ಇಲ್ಲವೋ ಎಂದು ಅವರು ನೋಡುವುದೇ ಆ ಕೂಗಿನಲ್ಲಿ. ಅವರು ಬೇಡವೆಂದರೆ ಆಲ್ಬಮ್ ಇಲ್ಲ. ಇನ್ನೊಂದು ಸಲ ಎದ್ದು ನಿಲ್ಲುವ ಶಕ್ತಿ ನನಗಿಲ್ಲ ಪುಟ್ಟಿ. ಬೆಳಿಗ್ಗೆ ಎದ್ದ ಕೂಡಲೇ ಗಂಟಲನ್ನು ಮುಟ್ಟಿ ನೋಡಿಕೊಳ್ಳುತ್ತೇನೆ, ಅದೇನೋ ಓಡಿಹೋಗುತ್ತದೆ ಎನ್ನುವ ಹಾಗೆ.

ಇನ್ನು ನಿನಗೆ ಸಂಬಂಧಪಟ್ಟ ಸುದ್ದಿ. ಉಪ್ಪುಗಾಳಿಗೆ ನೀನು ಹಾಡಿದ್ದ ಗೈಡ್ ಅಳಿಸಿದ್ದೇವೆ. ಬೇಜಾರು ಮಾಡಿಕೊಳ್ಳಬೇಡ. ವಾದ್ಯದವರಿಗೆ ಹಾಡು ಎಲ್ಲಿಗೆ ಬಂತೆಂದು ತಿಳಿಯಲು ಯಾರಾದರೊಬ್ಬರು ಜೊತೆಯಲ್ಲಿ ಹಾಡುವುದು, ಆಮೇಲೆ ಆ ದನಿ ತೆಗೆದು ಗಾಯಕಿಯ ದನಿ ಕೂರಿಸುವುದು, ಈ ಕೆಲಸದ ಪದ್ಧತಿಯೇ ಹಾಗೆ ಎಂದು ಕಿವಿ ನಿನಗೂ ಹೇಳಿದ್ದ. ನನ್ನ ಗಂಟಲು ದಣಿಯಬಾರದೆಂದು ನೀನು ರಜೆಯನ್ನೆಲ್ಲ ಆ ಗಾಜಿನ ಗೂಡಿನಲ್ಲಿ ಕಳೆದೆ. "ಹಲ್ಲು ಕೀಳೋಳ ಹತ್ರ ಹಾಡಿಸ್ತೀಯಲ್ಲಮ್ಮಾ, ನಿಂಗೆ ಬೇರೆ ಯಾರೂ ಸಿಗ್ಲಿಲ್ವಾ?" ಎಂದು ಗೊಣಗುತ್ತಲೇ ಹಾಡಿದೆ. ಮೊನ್ನೆ ಕಿವಿ, "ಅಕ್ಕಾ, ಕೊನೇ ಕೂಗಿಗೆ ಪುಟ್ಟಿ ಗೈಡನ್ನೇ ಬಿಟ್ಬಿಡೋಣ. ಒಂದೇ ರಕ್ತ, ಯಾರಿಗೆ ಗೊತ್ತಾಗುತ್ತೆ?" ಎಂದ. ನನ್ನ ಆಲ್ಬಮ್‌ನಲ್ಲಿ ನನ್ನ ದನಿಯೇ ಇರಬೇಕು, ಕೇಳುವವರಿಗೆ ಮೋಸ ಮಾಡಬಾರದು ಎಂದು ನಾನೇ ಅಳಿಸಲು ಹೇಳಿದೆ. ಸರಿ ತಾನೇ? ಡ್ರಮ್ ಮಾವ ಮಾತ್ರ ಅಂದಿನಿಂದ ನನ್ನ ಕಡೆ ನೋಡದೆ ಬಾರಿಸುತ್ತಿದ್ದಾನೆ.

ಸೋಮವಾರ ಮತ್ತೆ ಮೈಕಿನ ಮುಂದೆ ನಿಲ್ಲುತ್ತೇನೆ. ಅಲ್ಲಿಯವರೆಗೆ ಆವಿ ತೆಗೆದುಕೊಳ್ಳುವುದು, ಬಿಸಿನೀರು ಕುಡಿಯುವುದು, ಭಯಪಡುವುದು, ಇದಿಷ್ಟೇ ಕೆಲಸ.

ನಿನ್ನ ಕ್ಲಿನಿಕ್ಕಿನ ಕುರ್ಚಿ ರಿಪೇರಿ ಆಯಿತೇ? ಊರವರ ಬಾಯಿ ನೋಡುವ ಗಡಿಬಿಡಿಯಲ್ಲಿ ನಿನ್ನ ಬಾಯಿಗೆ ತುತ್ತು ಹಾಕಿಕೊಳ್ಳುವುದನ್ನು ಮರೆಯಬೇಡ. ನಿನ್ನ ಕೈಗುಣ ಹೆಚ್ಚಲಿ, ಮುಟ್ಟಿದ್ದೆಲ್ಲ ಒಳ್ಳೆಯದಾಗಲಿ, ನೂರು ವರ್ಷ ತಣ್ಣಗಿರು. ಅಪ್ಪನೂ ಹರಸಿದ್ದಾರೆ.

ನಿನ್ನ
ಅಮ್ಮ

ತಾ. ಕ.: ಲಕೋಟೆಗೆ ಅಂಟು ಹಚ್ಚಿ ಮತ್ತೆ ಬಿಡಿಸಿದೆ. ಗೈಡಿನ ವಿಷಯ ಬರೆದದ್ದು ಪೂರ್ತಿ ನಿಜವಲ್ಲ. ಕಿವಿ ಹಾಗೆ ಕೇಳಿದ್ದು ಹೌದು, ಆದರೆ ಅದಕ್ಕೆ ಮೊದಲು ಆದದ್ದನ್ನು ನುಂಗಿಬಿಟ್ಟೆ.

ಮೊನ್ನೆ ಮಧ್ಯಾಹ್ನ ನಾನು ಹಾಡಿ ಹೊರಬಂದ ಮೇಲೆ ಅವನು ಹಾಡನ್ನು ಮೊದಲಿನಿಂದ ಕೇಳಿಸಿದ. ಕೊನೆಯ ಕೂಗು ಬಂತು ಪುಟ್ಟಿ, ತುಂಬಿಕೊಂಡು, ಎಲ್ಲೂ ಒಡೆಯದೆ. ಅಷ್ಟು ಸಲ ಹಾಡಿದ್ದರಲ್ಲಿ ಒಂದು ಸಲ ಸರಿಯಾಗಿ ಬಿದ್ದಿರಬೇಕು ಎಂದುಕೊಂಡೆ. ಎದ್ದು ಕುಣಿದೆ. ಡಾಕ್ಟರ್ ಮಾತನ್ನೂ ಮರೆತು ಡ್ರಮ್ ಮಾವನನ್ನು ತಬ್ಬಿಕೊಂಡು, "ಬಂತು ಕಣೋ, ನನ್ನ ದನಿ ವಾಪಸ್ ಬಂತು!" ಎಂದು ಅತ್ತೆ. ಅವನು ಬೆನ್ನು ತಟ್ಟುತ್ತಲೇ ಇದ್ದ. ಕಿವಿಯೇ ಹೇಳಬೇಕಾಯಿತು. "ಅಕ್ಕಾ, ತಪ್ಪಾಯ್ತು. ಕೊನೇಲಿ ಗೈಡ್ ಮುಚ್ಚೋ ಬದಲು ನಿಮ್ಮ ದನೀನ ಮುಚ್ಚಿಬಿಟ್ಟಿದ್ದೀನಿ. ಅದು ಪುಟ್ಟಿದು."

ಒಂದು ಕೈಯಲ್ಲಿ ಟೀ ಲೋಟ ಹಿಡಿದುಕೊಂಡೇ ಹಾಡಿದೆಯಂತೆ ನೀನು ಅದನ್ನು. ಅಷ್ಟು ಕೇಳಿದ್ದೇ ತಡ, ಹೆತ್ತ ಮಗಳ ಮೇಲೆ ಹೊಟ್ಟೆಕಿಚ್ಚು ಹತ್ತಿಕೊಂಡಿತು. ಮೋಸ ಗೀಸ ಎಂದು ನ್ಯಾಯ ಹುಡುಕಿದ್ದೆಲ್ಲ ಆಮೇಲೆ. "ಒಂದು ಕಾಪಿನಾದ್ರೂ ಇಟ್ಕೊಳ್ಳಲಾ?" ಎಂದು ಕಿವಿ ಕೇಳಿದ. ಬೇಡ ಎಂದು ತಲೆಯಾಡಿಸಿದೆ. ನನ್ನ ಕಣ್ಣೆದುರೇ ಅಳಿಸಿಸಿದೆ. ಅಂಥ ಕೂಗನ್ನು ನೀನೇ ಒಂದು ಸಲವೂ ಕೇಳಿರಲಿಲ್ಲ.

ಈಗ ತಲೆಯಲ್ಲಿ ಅದೇ ಸುತ್ತುತ್ತಿದೆ, ಬಾಯಿಗೆ ಮಾತ್ರ ಸಿಗುತ್ತಿಲ್ಲ. ಕೋಪ ಮಾಡಿಕೋ, ಎಷ್ಟು ಬೇಕಾದರೂ ಬಯ್ಯಿ, ಆದರೆ ಸೋಮವಾರದೊಳಗೆ ಅಪ್ಪನ ಫೋನಿಗೆ ಒಂದು ಕರೆ ಮಾಡು. ಆ ಕೂಗನ್ನು ನೀನು ಹೇಗೆ ಹಾಕಿದೆ ಪುಟ್ಟಿ? ನನಗೆ ಹೇಳಿಕೊಡು.