ರಾಕ್ಷಸನ ಬಾಯಿ ಬಿಡಿಸಿದ್ದು ಯಾರು?

ಗ್ರಂಥಾಲಯಗಳ ಮೇಲೆ ಅಧಿಕಾರವಿರುವ, ಕತೆಗಳ ಮೇಲೂ ಇದೆಯೆಂದು ನಂಬಿರುವ ಮಾನ್ಯ ಉಪನಿರ್ದೇಶಕರೇ,

ನಮ್ಮ ಶಾಖಾ ಗ್ರಂಥಾಲಯದಲ್ಲಿ ಹನ್ನೊಂದು ವರ್ಷಗಳಿಂದ ಪ್ರತಿ ಶನಿವಾರ ನಾಲ್ಕು ಗಂಟೆಗೆ ಮಕ್ಕಳಿಗೆ ಕತೆ ಹೇಳುತ್ತಿದ್ದ ನನ್ನ ಸೋದರತ್ತೆಯನ್ನು ತಾವು ನಿಲ್ಲಿಸಿದ್ದೀರಿ. 'ಹೇಳಲಾದ ಕತೆಯು ಮೂಲಕ್ಕೆ ಅನುಗುಣವಾಗಿರುವುದಿಲ್ಲ' ಎಂಬುದು ತಮ್ಮ ಆದೇಶದ ಕಾರಣ. ಮೂಲ ಯಾವುದೆಂದು ಹುಡುಕಿದೆ. ಎರಡನೇ ಪುಟದಲ್ಲಿ ಸಿಕ್ಕಿತು: ಕಳೆದ ತಿಂಗಳು ತೆರೆಕಂಡ ಹಿಂದಿ ಚಿತ್ರ.

ಮೊಮ್ಮಗ ಅಜ್ಜನಿಗೆ ಕೆಮ್ಮಲು ಕಲಿಸಿದ್ದನ್ನು ಕೇಳಿದ್ದೆ. ಅದಕ್ಕೆ ಸರ್ಕಾರಿ ಮೊಹರು ಬಿದ್ದದ್ದನ್ನು ಈಗಲೇ ನೋಡಿದ್ದು.

ನಾನು ಹೆಚ್ಚಾಗಿ ಅನುವಾದಗಳನ್ನೇ ಓದುವವಳು, ಹಾಗಾಗಿ ಮೂಲದ ಮೇಲೆ ಭಯಭಕ್ತಿ ಜಾಸ್ತಿ. ಅತ್ತೆಯನ್ನು ಕರೆದುಕೊಂಡು ಹೋಗಿ ತಮ್ಮ ಮೂಲವನ್ನು ನೋಡಿ ಬಂದೆ. ಏಳು ಸಮುದ್ರದಾಚೆಯ ರಾಕ್ಷಸ, ಗಿಳಿಯೊಳಗೆ ಅವನ ಪ್ರಾಣ. ಕತೆಯ ಗುರುತು ಸಿಗುತ್ತದೆ. ಸೆರೆಯಾದ ರಾಜಕುಮಾರಿ ಎರಡೂವರೆ ಗಂಟೆ ಕಂಬಕ್ಕೆ ಕಟ್ಟಿಸಿಕೊಂಡಿರುತ್ತಾಳೆ, ಒಂದು ಕೂದಲೂ ಕೆದರುವುದಿಲ್ಲ. ನಾಯಕ ರೆಕ್ಕೆಯ ಕುದುರೆ ಏರಿ ನೇರವಾಗಿ ಗಿಳಿಯಿರುವ ಗುಹೆಗೇ ಇಳಿಯುತ್ತಾನೆ.

ಮುಂದಿನ ಸಾಲಿನಲ್ಲಿ ಒಬ್ಬ ಪುಟ್ಟ ಹುಡುಗಿ ಕೇಳಿದಳು: "ಅಪ್ಪಾ, ಗಿಳಿ ಅಲ್ಲಿದೆ ಅಂತ ಅವನಿಗೆ ಹೇಳಿದ್ದು ಯಾರು?"

"ಹೀರೋಗೆ ಎಲ್ಲಾ ಗೊತ್ತಿರುತ್ತೆ. ಸುಮ್ಮನೆ ನೋಡು."

ಅತ್ತೆ ನನ್ನ ಕಿವಿಯಲ್ಲಿ, "ವಿಳಾಸ ಕೇಳದೇ ಮನೆ ಹುಡುಕೋ ಗಂಡಸನ್ನ ಇವತ್ತೇ ಕಣೇ ನೋಡಿದ್ದು" ಅಂದರು.

ಅತ್ತೆಯ ಕತೆಯಲ್ಲಿ ಕುದುರೆಯಿಲ್ಲ. ರಾಜಕುಮಾರಿ ರಾಕ್ಷಸನ ತಲೆಯ ಹೇನು ಹೆಕ್ಕುತ್ತ, ನಿನ್ನ ಪ್ರಾಣ ಎಲ್ಲಿದೆ ಎಂದು ಕೇಳುತ್ತಾಳೆ. ಚಪ್ಪಲಿಯಲ್ಲಿ ಎಂದು ಅವನು ಸುಳ್ಳು ಹೇಳಿದರೆ ಅದನ್ನು ರೇಷ್ಮೆಯಲ್ಲಿ ಸುತ್ತಿಡುತ್ತಾಳೆ. ನೀರಿನ ಕೊಡದಲ್ಲಿ ಎಂದರೆ ಕೊಡದ ಪಕ್ಕದಲ್ಲೇ ಮಲಗುತ್ತಾಳೆ. ಮೂರನೆಯ ಸಲ ಅವನು ನಿಜ ಹೇಳುತ್ತಾನೆ. ಅವಳು ಮೂರು ಸಲ ಕೇಳುವುದರಿಂದ ಅತ್ತೆ ಈ ಕತೆಯನ್ನು ಮೂರು ಶನಿವಾರ ಹೇಳುತ್ತಾರೆ. ಬೇಗ ಮುಗಿಸಿದರೆ ರಾಕ್ಷಸ ನಂಬುವುದಿಲ್ಲವಂತೆ.

ತಮ್ಮ ಆದೇಶ ಬಂದದ್ದು ಕತೆಯ ಎರಡನೇ ಶನಿವಾರ ಕಳೆದ ಸೋಮವಾರ.

ಈಗ ಕತೆ ಕೇಳುತ್ತಿದ್ದ ಇಪ್ಪತ್ತಾರು ಮಕ್ಕಳ ಪಾಲಿಗೆ ರಾಜಕುಮಾರಿ ಕೊಡದ ಪಕ್ಕದಲ್ಲಿ ಮಲಗಿಯೇ ಇದ್ದಾಳೆ. ಚಿತ್ರ ನೋಡಿದವರಿಗೂ ಸಮಾಧಾನವಿಲ್ಲ. "ಗಿಳಿ ಎಲ್ಲಿದೆ ಅಂತ ಗೊತ್ತು ಅಜ್ಜಿ, ಅವಳು ಹೇಗೆ ಬಾಯಿ ಬಿಡಿಸಿದಳು ಹೇಳಿ" ಎಂದು ದಾರಿಯಲ್ಲಿ ಅತ್ತೆಯ ಕೈಚೀಲ ಹಿಡಿದು ಜಗ್ಗುತ್ತಾರೆ.

"ಆರ್ಡರ್ ಆಗಿದೆ ಮರೀ. ಸಾಹೇಬರನ್ನ ಕೇಳು" ಎನ್ನುತ್ತಾರೆ ಅತ್ತೆ. ನಗುತ್ತಲೇ ಹೇಳುತ್ತಾರೆ. ಆದರೆ ಹೋದ ಶನಿವಾರ ಮೂರೂವರೆಗೇ ಸೀರೆ ಬದಲಿಸಿ, ಹೋಗಲು ಜಾಗವಿಲ್ಲದೆ, ಅಡುಗೆಮನೆಯ ಸ್ಟೂಲಿನ ಮೇಲೆ ಕೂತಿದ್ದರು.

ಕತೆಗೆ ಕಾಲಿಲ್ಲ ಎನ್ನುತ್ತಾರೆ. ಕಾಲಿಲ್ಲದೆಯೂ ಇದು ಎಷ್ಟೋ ತಲೆಮಾರು ನಡೆದು ಬಂದಿದೆ. ಸಾವಿರ ಬಾಯಿಗಳ ಕತೆಗೆ ಯಾವುದು ಮೂಲ, ಸ್ವಾಮೀ? ಕೊನೆಯದಾಗಿ ಬಂದದ್ದೇ?

ನನ್ನ ಬೇಡಿಕೆ ಒಂದೇ. ಬರುವ ಶನಿವಾರ ನಾಲ್ಕಕ್ಕೆ ಅತ್ತೆಯ ಕುರ್ಚಿ ಅವರಿಗೆ ಸಿಗಲಿ. ಆಗದಿದ್ದರೆ ಆ ಕುರ್ಚಿಯಲ್ಲಿ ತಾವು ಕೂತು ಮಕ್ಕಳಿಗೆ ಉತ್ತರ ಹೇಳಿ. ಎರಡೂ ಆಗದೆಂದರೆ ಆ ಹೊತ್ತಿಗೆ ಕಚೇರಿಯಲ್ಲೇ ಇರಿ, ಇಪ್ಪತ್ತಾರು ಮಕ್ಕಳಿಗೆ ಅದರ ವಿಳಾಸ ಗೊತ್ತಾಗಿದೆ. ಹೇಳಿದ್ದು ಯಾರು ಎಂದು ವಿಚಾರಣೆ ಬೇಡ. ಹೀರೋಗಳಿಗೆ ಎಲ್ಲಾ ಗೊತ್ತಿರುತ್ತದೆ.

ಇಂತಿ,
ಒಂದು ಪುಸ್ತಕವನ್ನೂ ತಡವಾಗಿ ಮರಳಿಸದ, ಒಂದು ವಿಳಾಸವನ್ನು ಮಾತ್ರ ಬಾಯಿಬಿಟ್ಟ
ತಮ್ಮ ಗ್ರಂಥಾಲಯದ ಸದಸ್ಯೆ