ಓಬಕ್ಕನ ಬೊಗಸೆ

ಮೊಳಕಾಲ್ಮೂರು
14-8-2003

ಮುಸರತ್ ಮೇಡಂ ಅವರಿಗೆ, ವಿತ್ ಡ್ಯೂ ರೆಸ್ಪೆಕ್ಟ್, ದುರುಗಪ್ಪ ಬರೆಯುವುದು.

ಇದು ಮೂರನೇ ಪತ್ರ. ನನ್ನ ಹೆಂಡತಿ ಓಬಕ್ಕನ ಕಥೆ ಕೇಳಿಕೊಂಡು ಹೋಗಿ ನೀವು ಮಾಡುತ್ತಿರುವ ಕಾರ್ಟೂನ್ ಸಿನಿಮಾದ ಸಿ.ಡಿ. ನೋಡಿದೆ. ಅನಿಮೇಷನ್ ಅನ್ನಬೇಕಂತೆ, ಇರಲಿ. ಅದರಲ್ಲಿ ಸಾಹುಕಾರರ ಕಣದಲ್ಲಿ ಶೇಂಗಾ ಬಿಡಿಸುವ ಅವಳಿಗೆ ಲೋಟದಲ್ಲಿ ನೀರು ಕೊಡಿಸಿದ್ದೀರಿ. ನಮ್ಮ ಕೇರಿಯವರಿಗೆ ಅಲ್ಲಿ ಲೋಟವೇ ಇರಲಿಲ್ಲ. ಸಾಹುಕಾರರ ಮನೆಯವರು ಮೇಲಿನಿಂದ ಹುಯ್ದರು, ಇವಳು ಬೊಗಸೆಯೊಡ್ಡಿ ಕುಡಿದಳು. ಹೇಳಿದ್ದೆನಲ್ಲ? ಬೀಳುವ ನೀರಿಗೂ ಅಲುಗಾಡುವ ಬೆರಳುಗಳಿಗೂ ನೂರಾರು ಚಿತ್ರ ಬೇಕು, ಟೈಮಿಲ್ಲ ಎಂದು ಉತ್ತರ ಬರೆದಿರಿ. ಟೈಮಿಲ್ಲವೆಂದು ಇಲ್ಲದ ಲೋಟ ಕೊಡುವುದೇ? ದಿಸ್ ಈಸ್ ನಾಟ್ ಸ್ಮಾಲ್ ಮಿಸ್ಟೇಕ್.

ಅವತ್ತು ಕಣದಿಂದ ಮನೆಗೆ ಬರುವಾಗ ಓಬಕ್ಕ ಕೇಳಿದಳು: "ಕಾಲೇಜು ಓದಿದೋನು ಅಂತ ಊರೆಲ್ಲ ಹೇಳ್ಕೊಂಡು ತಿರುಗ್ತೀಯ. ನಾಲಿಗೆ ಏನ್ ಚಳ್ಳಕೆರೆ ಕಾಲೇಜಲ್ಲೇ ಬಿಟ್ಟು ಬಂದ್ಯಾ?"

ಅವಳು ತೀರಿಕೊಂಡು ಆರು ವರ್ಷವಾಯಿತು.

ದಯವಿಟ್ಟು ಲೋಟ ಅಳಿಸಿ, ಬೊಗಸೆ ಬರೆಯಿರಿ. ಪಕ್ಕದಲ್ಲಿ ನಿಂತಿದ್ದ ನನ್ನನ್ನು ಬಿಟ್ಟಿದ್ದೀರಿ, ನನ್ನನ್ನೂ ಬರೆಯಿರಿ. ಅದಕ್ಕೇನೂ ಟೈಮ್ ಹಿಡಿಯುವುದಿಲ್ಲ. ನಾನು ಅಲುಗಾಡಲಿಲ್ಲ, ಒಂದೇ ಚಿತ್ರ ಸಾಕು.

ಯುವರ್ಸ್ ಒಬೀಡಿಯೆಂಟ್ಲಿ,
ಎಂ. ದುರುಗಪ್ಪ