ಪಾರಿಮಲ್ಲಿ ಎಂಬ ಹೆಸರು

ಮಾರ್ಚ್ 3, ಸೋಮವಾರ

ಎಣ್ಣೆಸ್ನಾನ ಆಯಿತು. ತಲೆಗೆ ಸಾಂಬ್ರಾಣಿ ಹೊಗೆ, ಹೊಟ್ಟೆಗೆ ಬಟ್ಟೆ ಕಟ್ಟು, ಊಟಕ್ಕೆ ಮತ್ತೆ ಬೆಳ್ಳುಳ್ಳಿ ಸಾರು. ಬೇಡ ಅಂದರೆ ಅತ್ತೆ ಕೇಳುವುದಿಲ್ಲ. ಬಾಣಂತನ ತವರಿನಲ್ಲಿ ಆಗಬೇಕಿತ್ತು. ತವರು ಹೊಳೆನರಸೀಪುರ. ಇಲ್ಲಿ ಹಾಸನದಿಂದ ಬಸ್ಸು ಹತ್ತಿದರೆ ಒಂದು ಗಂಟೆ ದಾರಿ. ಜಾತಿ ಬಿಟ್ಟು ಕೀರ್ತಿರಾಜನನ್ನು ಮದುವೆಯಾದ ಮೇಲೆ ಅಪ್ಪ ಬಾಗಿಲು ಮುಚ್ಚಿದರು. ಅತ್ತೆ ತಮ್ಮೂರು ಕಟ್ಟಾಯದಲ್ಲಿ ಹೊಲ, ಕೋಳಿ ಎಲ್ಲ ಬಿಟ್ಟು ಬಂದು ಈ ಬಾಡಿಗೆ ಮನೆಯಲ್ಲಿ ನನ್ನ ಬೆನ್ನು ತಿಕ್ಕುತ್ತಿದ್ದಾರೆ. ಅಮ್ಮ ಫೋನ್ ಮಾಡುತ್ತಾಳೆ — ಅಪ್ಪ ಸಂಜೆ ದೇವಸ್ಥಾನಕ್ಕೆ ಹೋದಾಗ. ಪಿಸುಪಿಸು. ಮಗಳ ಹತ್ತಿರ ಮಾತಾಡುವುದೂ ಕಳ್ಳತನ!

ಮಗಳ ಹೆಸರು ಮಾತ್ರ ಗಟ್ಟಿ ಮಾಡಿದೆ. ಅಮ್ಮ ಪಾರಿಜಾತ. ಅತ್ತೆ ಮಲ್ಲಿಗಮ್ಮ. ಎರಡೂ ಸೇರಿಸಿ — ಪಾರಿಮಲ್ಲಿ. ಪಾರಿಜಾತ ಆರಿಸಿ ದೇವರಿಗೆ ಇಡುವುದು, ಮಲ್ಲಿಗೆ ಕಟ್ಟಿ ಜಡೆಗೆ ಮುಡಿಯುವುದು. ಎರಡೂ ಬಿಳಿ, ಎರಡೂ ಘಮ. ಹತ್ತು ಸಲ ಹೇಳಿಕೊಂಡೆ, ಬಾಯಿಗೆ ಹಿತ. ಗೂಗಲ್‌ನಲ್ಲೂ ಹುಡುಕಿದೆ, ಯಾರಿಗೂ ಇದ್ದ ಹಾಗಿಲ್ಲ. ಕೀರ್ತಿ “ಸಖತ್ತಾಗಿದೆ” ಅಂದ. ಅತ್ತೆಗೆ ಮಾತ್ರ ಅಳುಕು.

“ನಮ್ಮೆಸ್ರು ತಕೊಂಡೋಗಿ ಅವ್ರೆಸ್ರ ಪಕ್ಕ ಕೂರುಸ್ತೀಯಲ್ಲವ್ವ… ಅವ್ರು ಒಪ್ತಾರಾ?”

“ಒಪ್ಪದೆ ಏನು?” ಅಂದೆ. ಜಂಬ ನನಗೆ.

ಮಾರ್ಚ್ 5, ಬುಧವಾರ

ನಾಮಕರಣದ ಕಾರ್ಡ್ ವಾಟ್ಸಾಪ್‌ನಲ್ಲಿ ಎಲ್ಲರಿಗೂ ಹೋಯಿತು. ಮೇಲೆ ದೊಡ್ಡ ಅಕ್ಷರದಲ್ಲಿ — ಪಾರಿಜಾತ, ಮಲ್ಲಿಗಮ್ಮ ಇಬ್ಬರ ಮೊಮ್ಮಗಳು ಪಾರಿಮಲ್ಲಿ. ಅಮ್ಮನಿಗೂ ಕಳಿಸಿದೆ. ನೀಲಿ ಟಿಕ್ ಬಂತು. ಉತ್ತರ ಇಲ್ಲ. ಸಂಜೆ ಫೋನೂ ಇಲ್ಲ.

ಮಾರ್ಚ್ 9, ಭಾನುವಾರ

ಅಮ್ಮ ಫೋನ್ ಮಾಡಿದಳು. ಅಳು. ಕಾರ್ಡ್ ಮೊದಲು ನೋಡಿದ್ದು ಅಪ್ಪನಂತೆ.

“ಬದುಕಿರೋರ ಹೆಸರು ಇಡ್ತಾರೇನೇ ಹಂಸ? ನಮ್ಮಲ್ಲಿ ಹೋದವರ ಹೆಸರು ತಾನೇ ಇಡೋದು? ‘ನಿನ್ನ ಮಗಳು ಆಗಲೇ ನಿನ್ನ ತಿಥಿ ಮುಗಿಸಿದಳು ನೋಡು’ ಅಂದ್ರು ಕಣೇ ನಿಮ್ಮಪ್ಪ.”

ಗೊತ್ತಿದ್ದ ವಿಷಯವೇ! ಅಪ್ಪನಿಗೆ ಪಟ್ಟಾಭಿರಾಮ ಅಂತ ಇಟ್ಟಿದ್ದು ಅವರ ತಾತ ತೀರಿಕೊಂಡ ವರ್ಷ. ಕೀರ್ತಿಯ ಮನೆಯಲ್ಲಿ ಎದುರಿಗೆ ಕೂತ ಅಜ್ಜಿಯ ಹೆಸರಿಟ್ಟು, ಆ ಅಜ್ಜಿಯ ಕೈಯಿಂದಲೇ ಸಿಹಿ ತಿನ್ನುತ್ತಾರೆ. ಇಲ್ಲಿಯದು ಕಲಿತು ಅಲ್ಲಿಯದು ಮರೆತೆ.

“ತೆಗೆದುಬಿಡ್ಲಾ ಅಮ್ಮ?”

“ನಿಮ್ಮಪ್ಪ ಬಂದ್ರು—” ಕಟ್.

ಮಾರ್ಚ್ 10

ಅಮ್ಮನಿಗೆ ಬಿಪಿ ಇದೆ. ಏನಾದರೂ ಆದರೆ ಹೆಸರಿನ ತಲೆಗೆ ಕಟ್ಟುತ್ತಾರೆ. ಅಪ್ಪ ಬಿಡಿ, ನನಗೂ ಹಾಗೇ ಅನ್ನಿಸುತ್ತಿದೆಯಲ್ಲ, ಬಿಎಸ್ಸಿ ಓದಿದವಳಿಗೆ! ಹೆಸರು ಬದಲಾಯಿಸೋಣ ಅಂದೆ. ಕೀರ್ತಿ ರೇಗಿದ. “ಅವರದ್ದು ಕಿತ್ತರೆ ಬರೀ ಮಲ್ಲಿ ಉಳಿಯುತ್ತೆ. ನಿಮ್ಮಪ್ಪಂಗೆ ಬೇಕಾದ್ದೂ ಅದೇ ತಾನೇ? ಬೇರೆ ಬೇರೆ ಮಾಡೋದು.”

ಅಡುಗೆಮನೆಯಲ್ಲಿ ಅತ್ತೆ ಕಣ್ಣೊರೆಸಿಕೊಳ್ಳುತ್ತಿದ್ದರು. “ನನ್ನೆಸ್ರುನ್ನ ತಗ್ದಾಕ್ಬುಡವ್ವ. ನಂದ್ರಿಂದ ಯಾಕ್ ಜಗ್ಳ? ಆಯಮ್ಮುಂದು ಒಂದೇ ಇರ್ಲಿ.”

ಅಯ್ಯೋ! ತಮ್ಮ ಹೆಸರಿಗೇ ನನ್ನ ತವರಿನವರು ಅಸಹ್ಯಪಟ್ಟರು ಅಂದುಕೊಂಡಿದ್ದಾರೆ. ಅಲ್ಲ ಅತ್ತೆ, ವಿಷಯ ಇದು ಅಂತ ಬಿಡಿಸಿ ಹೇಳಿದೆ. ಬೆರಗಾದರು.

“ಎಸ್ರು ಮಡಗಿದ್ರೆ ಯಾರಾದ್ರೂ ಸತ್ತಾರಾ? ಆಯಸ್ಸು ಬತ್ತದೆ ಕಣವ್ವ. ನಮ್ಮವ್ವನೆಸ್ರ ನಮ್ಮಕ್ಕನ ಮಗೀಗೆ ಮಡಗಿದ್ರು. ಆ ಮಗಿ ಮದ್ವೇಲಿ ನಮ್ಮವ್ವ ಸ್ವಾಬಾನೆ ಹಾಡುದ್ಲು!”

ನಕ್ಕೆ. ಭಯ ಹೋಗಲಿಲ್ಲ.

ಮಾರ್ಚ್ 15, ಶನಿವಾರ

ಅಮ್ಮ. ಪಿಸುಗುಟ್ಟಲಿಲ್ಲ, ಗಟ್ಟಿಯಾಗೇ ಅಂದಳು.

“ಅದೇ ಇಡೇ. ನಾನು ಬರಕ್ಕಾಗದ ಮನೆಗೆ ನನ್ನ ಹೆಸರಾದ್ರೂ ಬರಲಿ.”

“ನೀನೂ ಬಾರಮ್ಮ.”

ಫೋನ್ ಇಟ್ಟುಬಿಟ್ಟಳು.

ಮಾರ್ಚ್ 16, ಭಾನುವಾರ

ನಾಮಕರಣ ಮುಗಿಯಿತು. ಪುರೋಹಿತರಿಲ್ಲ. ಬುದ್ಧವಂದನೆ ಆದ ಮೇಲೆ ನಾದಿನಿ ಧನಲಕ್ಷ್ಮಿ ಮಗುವಿನ ಕಿವಿಯಲ್ಲಿ ಮೂರು ಸಲ ಹೆಸರು ಉಸುರಿದಳು. ಸೋದರತ್ತೆಯ ಹಕ್ಕು ಅದು. ಮಗು ಸೀನಿತು, ಎಲ್ಲರೂ ನಕ್ಕರು. ನಾನು ಬಾಗಿಲ ಕಡೆಯೇ ನೋಡುತ್ತಿದ್ದೆ. ಹೊಳೆನರಸೀಪುರದಿಂದ ಯಾರೂ ಬರಲಿಲ್ಲ.

ಈಗ ಅತ್ತೆಯದು ಹೊಸ ಕಾನೂನು. ದೊಡ್ಡವರ ಹೆಸರಿಟ್ಟ ಮಗುವನ್ನು ಏಕವಚನದಲ್ಲಿ ಕರೆಯಬಾರದು, ಬಯ್ಯಬಾರದು.

“ನಿಮ್ಮ ಹೆಸರೂ ಇದೆಯಲ್ಲ ಅತ್ತೆ?”

“ನನ್ನ ಬೇಕಾರೆ ಬಯ್ಕೊ. ಆಯಮ್ಮನ್ನ ಬಯ್ಬ್ಯಾಡ.”

ಮಗು ಬಟ್ಟೆ ಒದ್ದೆ ಮಾಡಿಕೊಂಡರೆ ಬಗ್ಗಿ ಕೇಳುತ್ತಾರೆ, “ಏನ್ ಬೀಗಿತ್ತಿ, ತಿರ್ಗಾ ಮಾಡ್ಕಂಡ್ರಾ? ಮಾಡ್ಕಳಿ ಮಾಡ್ಕಳಿ. ನಿಮ್ದೇ ಮನೆ.” ಒಂದು ಸಲವೂ ಮುಖ ನೋಡದ ಬೀಗಿತ್ತಿ!

ಮಾರ್ಚ್ 20, ಸಂಜೆ

ಅಮ್ಮ ಲೈನಿನಲ್ಲಿದ್ದಳು. ಹಿಂದಿನಿಂದ ಅತ್ತೆ — “ಹಾಲ್ ಕುಡೀರಿ ಬೀಗಿತ್ತಿ. ನಾಚ್ಕಬ್ಯಾಡಿ. ಒಟ್ಟೆ ತುಂಬ ಕುಡೀರಿ.”

“ಯಾರನ್ನೇ ಅವರು ಉಪಚಾರ ಮಾಡ್ತಿರೋದು?”

“ನಿನ್ನನ್ನೇ” ಅಂದೆ.

ಮೂಗು ಒರೆಸಿಕೊಂಡ ಸದ್ದು. ಆಮೇಲೆ, “ಬಡಿಸಿ ಬಡಿಸಿ ಸಾಕಾಗಿದೆ ಕಣೇ. ನನಗೆ ಹೀಗೆ ಹೇಳಿದವರು ಯಾರೂ ಇಲ್ಲ.” ಇಬ್ಬರೂ ಅತ್ತೆವು.

ಮಾರ್ಚ್ 23, ಭಾನುವಾರ

ಮೊನ್ನೆಯಿಂದ ಅಮ್ಮನ ಫೋನಿಲ್ಲ. ನಾನೇ ಮಾಡಿದರೆ ಸ್ವಿಚ್ಡ್ ಆಫ್. ಅಪ್ಪ ಕಿತ್ತುಕೊಂಡರಾ? ಬಿಪಿ ಏರಿತಾ? ಆ ಹೆಸರು… ಥೂ, ಬಿಡ್ತು ಅನ್ನು. ಕೀರ್ತಿ ತಾನೇ ಹೋಗಿ ನೋಡಿಬರುತ್ತೇನೆ ಅಂತ ಬೆಳಗ್ಗೆಯೇ ಬೈಕ್ ತೆಗೆದ. ಅಪ್ಪ ಅವನನ್ನು ಬಾಗಿಲಲ್ಲೇ ನಿಲ್ಲಿಸಿ ಏನನ್ನುತ್ತಾರೋ. ಇನ್ನೂ ಅವನ ಫೋನಿಲ್ಲ.

ಗೇಟಿನ ಸದ್ದು. ಅತ್ತೆ ಹೊರಗೆ ಬಟ್ಟೆ ಒಣಹಾಕುತ್ತಿದ್ದಾರೆ.

ಅತ್ತೆಯದೇ ದನಿ — “ಅಯ್ಯೋ, ಬನ್ನಿ ಬೀಗಿತ್ತಿ, ಒಳಿಕ್ ಬನ್ನಿ! ಯಾಕಂಗೆ ನಿಂತ್ಕಂಡ್ರಿ? ನಿಮ್ದೇ ಮನೆ.”

ಮಗು ಇಲ್ಲೇ, ನನ್ನ ತೊಡೆಯ ಮೇಲೆ ನಿದ್ದೆಯಲ್ಲಿದೆ. ಹಾಗಾದರೆ ಹೊರಗೆ —